ಬಾಗಿಲ ಕಡೆ ಮುಖ ಮಾಡಿದ ಬೂಟು

"ಬೂಟಿನ ಮೂತಿ ಯಾವ ಕಡೆಗಿತ್ತು ಮಾಸು ಅಜ್ಜಿ? ಅದೊಂದನ್ನ ನೆನಪು ಮಾಡ್ಕೊಳ್ಳಿ."

"ಮೂತಿ ಅಂದ್ರೆ?"

"ಮನೆ ಒಳಕ್ಕಿತ್ತೋ, ಬೀದಿ ಕಡೆಗಿತ್ತೋ?"

ಮಾಸು ಅಜ್ಜಿ ಮೂಲಂಗಿ ತೊಳೆಯುವುದನ್ನು ನಿಲ್ಲಿಸಿ, ಒದ್ದೆ ಕೈ ಮಡಿಲಿಗೆ ಒರೆಸಿಕೊಂಡು, ಕಣ್ಣು ಮುಚ್ಚಿದಳು. ತೋಫು ಮಾಡುವ ಯೊಹೇಗೆ ಕಾಯುವುದು ಹೊಸತಲ್ಲ. ಸೋಯಾ ಹಾಲು ಹೆಪ್ಪಾಗುವ ಹೊತ್ತಲ್ಲಿ ಆತುರಪಟ್ಟು ಕೈಯಾಡಿಸಿದರೆ ಇಡೀ ಬಾನಿ ಕೆಟ್ಟುಹೋಗುತ್ತದೆ.

"ಬೀದಿ ಕಡೆಗೆ," ಅಂದಳು ಅಜ್ಜಿ ಕಣ್ಣು ಬಿಟ್ಟು. "ಮನೆಯಿಂದ ಮನೆಗೆ ದಾಟಿಸೋ ಓಣಿಯ ಸುತ್ತೋಲೆ ಹಲಗೆ ಇಟ್ಟು ಬರೋಣ ಅಂತ ಹೊಶಿನಾ ಅವ್ರ ಮನೆ ಬಾಗಿಲು ಸರಿಸಿದ್ನಾ, ಎರಡೂ ನನ್ನನ್ನೇ ನೋಡ್ತಾ ಇದ್ವು. ಕಂದು ಬಣ್ಣದ ಚರ್ಮದ ಬೂಟು. ನಮ್ಮೂರ ಗಂಡಸ್ರಿಗೆ ಅಂಥ ಪಾಲಿಶ್ ಎಲ್ಲಿಂದ ಬರ್ಬೇಕು?"

"ಪಕ್ಕದಲ್ಲಿ ಏನಾದ್ರೂ ಇತ್ತಾ?"

"ಆ ಬಿದಿರಿನ ಉದ್ದ ಚಮಚ ಇರತ್ತಲ್ಲ, ಹಿಮ್ಮಡಿ ಜಾರಿಸಿ ಬೂಟು ಹಾಕ್ಕೊಳ್ಳೋಕೆ, ಅದು. ಬೂಟಿನ ಪಕ್ಕದಲ್ಲೇ ಆನಿಸಿಟ್ಟಿತ್ತು."

"ಕೂಗಿ ನೋಡಲಿಲ್ವಾ?"

"ನೆಂಟ್ರು ಬಂದಿರೋ ಮನೇಲಿ ನಾನ್ಯಾಕೆ ತಲೆ ಹಾಕ್ಲಿ? ಹಲಗೆ ಇಟ್ಟು ಬಂದೆ." ಅಜ್ಜಿ ಮತ್ತೆ ಮೂಲಂಗಿಗೆ ಕೈ ಹಾಕಿದಳು. "ಅಲ್ಲಾ ಪೊಲೀಸಪ್ಪಾ, ಕಳ್ಳ ಅನ್ನೋನು ಬೂಟು ಬಿಚ್ಚಿಟ್ಟು ಒಳಗೆ ಹೋಗ್ತಾನಾ?"

"ನಿಮ್ಮ ಮನೆಗೆ ಬಂದ್ರೂ ಬಿಚ್ಚೇ ಬರ್ತಾನೆ ಅಜ್ಜಿ. ಇಲ್ದಿದ್ರೆ ನೀವು ಮೂಲಂಗೀಲಿ ಬಾರಿಸಲ್ವಾ?"

ಅಜ್ಜಿಯ ನಗು ಓಣಿಯ ಕೊನೆಯವರೆಗೂ ಕೇಳಿಸಿತು.

ನಡೆದದ್ದು ಇಷ್ಟು: ಗುರುವಾರ ನಿರ್ದೇಶಕ ಹೊಶಿನಾ ಅವರ ಮನೆಯ ಗೋಡೆ ಬೀರುವಿನಿಂದ, ಅವರ ಮೊಟ್ಟಮೊದಲ ಚಿತ್ರ 'ಉಪ್ಪುಗದ್ದೆ'ಯ ಕೊನೆಯ ರೀಲು ಡಬ್ಬಿಯ ಸಮೇತ ಕಾಣೆಯಾಗಿತ್ತು, ಆ ಚಿತ್ರದ ಇನ್ನೊಂದು ಪ್ರತಿ ಲೋಕದಲ್ಲೇ ಇಲ್ಲ, ಬಂದರಿನ ಟಾಕೀಸಿನಲ್ಲಿ ಪ್ರದರ್ಶನವಿರುವುದು ನಾಳೆ ಭಾನುವಾರ ಮಧ್ಯಾಹ್ನ.

ಯೊಹೇ ಪೊಲೀಸನೂ ಅಲ್ಲ, ಪತ್ತೇದಾರನೂ ಅಲ್ಲ. ಅಪ್ಪನ ಕಾಲದ ತೋಫು ಅಂಗಡಿ ಅವನದು. ಆದರೆ ಹೊಶಿನಾ ಅವರ ಎರಡನೆಯ ಚಿತ್ರದಲ್ಲಿ ಪೊಲೀಸನ ಪಾತ್ರಕ್ಕೆ ಆಳು ಸಿಗದೆ, ಯಾರೋ ಹೊಲಿಸಿದ್ದ ಸಮವಸ್ತ್ರ ಇವನ ಮೈಗೆ ಸರಿಹೊಂದಿತು ಅನ್ನುವ ಒಂದೇ ಕಾರಣಕ್ಕೆ ಇವನು ಪೊಲೀಸನಾದ. ಆಮೇಲಿನ ಎಲ್ಲ ಚಿತ್ರಗಳಲ್ಲೂ ಅವನೇ ಪೊಲೀಸ್. ಒಂದರಲ್ಲಿ ಕಳೆದುಹೋದ ಆಡನ್ನು ಹುಡುಕಿದ್ದ, ಒಂದರಲ್ಲಿ ಓಡಿಹೋದ ಮದುಮಗಳನ್ನು. ಹೊಟ್ಟೆ ಬಂದಾಗ ಸಮವಸ್ತ್ರವನ್ನು ಹೊಶಿನಾ ಅವರ ಹೆಂಡತಿ ಚಿಸೆ ಅಮ್ಮನೇ ಬಿಚ್ಚಿ ಅಗಲ ಮಾಡಿಕೊಟ್ಟಿದ್ದರು. ಊರಿನವರು ಅವನ ಹೆಸರನ್ನೇ ಮರೆತು ಪೊಲೀಸಪ್ಪ ಅನ್ನತೊಡಗಿ ಎಷ್ಟೋ ಕಾಲವಾಗಿತ್ತು.

ನಿಜವಾದ ಪೊಲೀಸರನ್ನು ಕರೆಯಲು ಹೊಶಿನಾ ಒಪ್ಪಲಿಲ್ಲ. "ಅವ್ರು ಬಂದ್ರೆ ಒಬ್ಬೊಬ್ಬರನ್ನೂ ಕೂರಿಸಿ ಕೇಳ್ತಾರೆ. ಈ ಊರಲ್ಲಿ ನನ್ನ ಚಿತ್ರದಲ್ಲಿ ಪಾತ್ರ ಮಾಡದೋರು ಯಾರಿದಾರೆ? ನನ್ನ ನಟರನ್ನ ನಾನು ಠಾಣೆಗೆ ಕಳಿಸಲ್ಲ. ನೀನೇ ನೋಡು, ಪೊಲೀಸಪ್ಪ" ಅಂದಿದ್ದರು. ಅರ್ಧ ತಮಾಷೆ, ಅರ್ಧ ನಿಜ. ಯೊಹೇ ಆ ನಿಜದ ಅರ್ಧವನ್ನೇ ಹಿಡಿದುಕೊಂಡು ಎರಡು ದಿನದಿಂದ ಸೈಕಲ್ ತುಳಿಯುತ್ತಿದ್ದ.

ಈಗ ಸೈಕಲ್ ತಳ್ಳಿಕೊಂಡು ಇಳಿಜಾರಿನಲ್ಲಿ ನಡೆಯುತ್ತ ಬೂಟಿನ ಬಗ್ಗೆಯೇ ಯೋಚಿಸಿದ.

ಬಂದವನು ಬಾಗಿಲ ಒಳಗಿನ ತಗ್ಗಿನಲ್ಲಿ ಬೂಟು ಕಳಚಿ ಮೇಲೆ ಹತ್ತಿದರೆ ಅದರ ಮೂತಿ ಒಳಮುಖವಾಗಿರುತ್ತದೆ. ಮರ್ಯಾದಸ್ಥನಾದರೆ ಬಗ್ಗಿ ತಾನೇ ತಿರುಗಿಸಿ ಇಡುತ್ತಾನೆ, ಸರಿ. ಆದರೆ ಆ ಚಮಚ? ಅದು ಹೊಶಿನಾ ಅವರ ಮನೆಯಲ್ಲಿ ಚಪ್ಪಲಿ ಗೂಡಿನ ಹಿಂದೆ ಮೊಳೆಗೆ ತೂಗುಬಿದ್ದಿರುತ್ತದೆ. ಹೊಸಬನಿಗೆ ಕಾಣುವುದೇ ಇಲ್ಲ. ಅದನ್ನು ತೆಗೆದು ಬೂಟಿನ ಪಕ್ಕದಲ್ಲಿ ಇಡುವ ಕೈ ಒಂದೇ. ಹೊರಡುವ ಅತಿಥಿಗೆ ತೊಂದರೆಯಾಗಬಾರದು ಎಂದು, ಅವನು ಒಳಗೆ ಚಹಾ ಕುಡಿಯುವಾಗಲೇ ಬಂದು ಇಟ್ಟು ಹೋಗುವ ಕೈ.

ಗುರುವಾರ ಮನೆಗೆ ಯಾರೂ ಬಂದಿರಲಿಲ್ಲ ಎಂದು ಹೇಳಿದ್ದೂ ಆ ಕೈಯವರೇ.

ಯೊಹೇಗೆ ನೇರವಾಗಿ ಆ ಮನೆಗೆ ಹೋಗಲು ಕಾಲು ಬರಲಿಲ್ಲ. ಮೊದಲು ಟಾಕೀಸಿನ ಕಡೆ ತಿರುಗಿದ.

ಟಾಕೀಸಿನೊಳಗೆ ದೀಪವೆಲ್ಲ ಹಚ್ಚಿತ್ತು. ಹೊಶಿನಾ ಒಬ್ಬರೇ ಮೊದಲ ಸಾಲಿನಲ್ಲಿ ಕೂತು ಖಾಲಿ ಪರದೆ ನೋಡುತ್ತಿದ್ದರು. ಮೊಣಕಾಲ ಮೇಲೆ ಅರ್ಧ ತಿಂದ ಅನ್ನದ ಉಂಡೆ.

"ಯಾರು, ಯೊಹೇನಾ? ಹೆಜ್ಜೆಲೇ ಗೊತ್ತಾಯ್ತು. ಪೊಲೀಸ್ನೋನ ಹಾಗೆ ನಡಿಯೋ ಅಂತ ಇಷ್ಟು ವರ್ಷ ಬಡ್ಕೊಂಡೆ, ನೀನು ಇವತ್ತಿಗೂ ತೋಫು ಬಕೆಟ್ ಹೊತ್ತೋನ ಹಾಗೇ ನಡೀತೀಯ."

"ಅದಕ್ಕೇ ಅಲ್ವಾ ಡೈರೆಕ್ಟ್ರೇ, ಜನ ನಗ್ತಿದ್ದಿದ್ದು."

"ನಾನು ಅಳಿಸೋಕೆ ಅಂತ ತೆಗೆದ ಜಾಗದಲ್ಲೆಲ್ಲ ನಕ್ರು. ನೀನು ಬಂದ್ರೆ ಸಾಕು." ಹೊಶಿನಾ ಪಕ್ಕದ ಕುರ್ಚಿ ತಟ್ಟಿದರು. "ಕೂತ್ಕೋ. ಯಾವ ಸಾಲಿಂದ ಎಷ್ಟು ಕಾಣತ್ತೆ ಅಂತ ನೋಡ್ತಾ ಇದ್ದೆ. ಹಿಂದಿನ ಸಾಲಿಂದ ಪರದೆ ಬರೀ ಮಂಜು. ಇಲ್ಲಿಂದ ಪರವಾಗಿಲ್ಲ."

ಒಂದು ಕಣ್ಣು ಹೋಗಿ ವರ್ಷವಾಗಿತ್ತು. ಇನ್ನೊಂದೂ ಅದೇ ದಾರಿ ಹಿಡಿದಿದೆ, ಚಳಿಗಾಲ ಕಳೆಯುವಷ್ಟರಲ್ಲಿ ಏನಾಗುತ್ತದೋ ಹೇಳಲಾಗದು ಎಂದು ಡಾಕ್ಟರು ಹೇಳಿದ್ದರು. ಆ ಕಣ್ಣಿರುವಾಗಲೇ ತಮ್ಮ ಮೊದಲ ಚಿತ್ರವನ್ನು ಊರಿನವರ ಜೊತೆ ಕೂತು ಒಂದು ಸಲ ನೋಡಬೇಕು ಅನ್ನುವುದಷ್ಟೇ ಅವರ ಆಸೆ. ನಾಳೆಯ ಪ್ರದರ್ಶನ ಏರ್ಪಾಡಾದದ್ದೂ ಅದಕ್ಕೇ.

ವರ್ಷದಲ್ಲಿ ಅರ್ಧ ಕಾಲ ಲಾಂಚಿನ ಕಟ್ಟೆಯಲ್ಲಿ ಟಿಕೆಟ್ ಹರಿಯುವುದು, ಇನ್ನರ್ಧ ಕಾಲ ಚಿತ್ರ ತೆಗೆಯುವುದು. ಹೊಶಿನಾ ಬದುಕಿದ್ದು ಹೀಗೆ. ರಾಜಧಾನಿಯ ದೊಡ್ಡ ಕಂಪನಿಯೊಂದು ಒಂದು ಸಲ ಕರೆದಿತ್ತು. ಹೋಗಿ ಮೂರು ದಿನಕ್ಕೆ ವಾಪಸು ಬಂದರು. ಅಲ್ಲಿ ಸೂರ್ಯ ಯಾವಾಗ ಮುಳುಗಬೇಕು ಅಂತಲೂ ಮೀಟಿಂಗ್ ಮಾಡ್ತಾರೆ, ನನಗೆ ಮುಳುಗಿದಾಗ ಮುಳುಗೋ ಸೂರ್ಯನೇ ಸಾಕು ಅಂದರು. ಹೊರದೇಶದ ಚಿತ್ರೋತ್ಸವವೊಂದು ಕೊಟ್ಟ ಗಾಜಿನ ಹಕ್ಕಿ ಅವರ ಅಡುಗೆಮನೆಯ ಕಿಟಕಿಯಲ್ಲಿತ್ತು. ಅದರ ಕೊಕ್ಕಿಗೆ ಚಿಸೆ ಅಮ್ಮ ಬೆಳ್ಳುಳ್ಳಿ ಗೊಂಚಲು ನೇತುಹಾಕುತ್ತಿದ್ದರು.

"ಡೈರೆಕ್ಟ್ರೇ, ಆ ಕೊನೆ ರೀಲಲ್ಲಿ ನಿಜವಾಗಿ ಏನಿತ್ತು? ನಾನು ನೋಡಿ ಎಷ್ಟೋ ಕಾಲ ಆಯ್ತು."

"ನಾಯಕಿ ನಮಿಯೆ ನಡೀತಾಳೆ. ಅಷ್ಟೇ." ಹೊಶಿನಾ ಪರದೆಯ ಬಲಮೂಲೆಯಿಂದ ಎಡಮೂಲೆಗೆ ಬೆರಳು ಎಳೆದರು. "ಉಪ್ಪುಗದ್ದೆ ದಾಟಿ ಲಾಂಚಿನ ಕಡೆ. ನಾನು ಸಾಕು ಅಂತ ಕೂಗಿದೆ. ಅವಳು ನಿಲ್ಲಲಿಲ್ಲ. ನನ್ನ ಸಹಾಯಕ ಕುರಾತಾ ಕ್ಯಾಮೆರಾ ನಿಲ್ಲಿಸೋಕೆ ಹೋದ, ಬೇಡ ಅಂದೆ. ಲಾಂಚು ಹತ್ತಿದಳು, ಹೋದಳು. ರೀಲು ಮುಗಿಯೋವರೆಗೂ ಓಡಿಸಿದ್ವಿ. ಅವತ್ತಿಂದ ಇವತ್ತಿನವರೆಗೂ ಅವಳನ್ನ ಕಂಡೋರಿಲ್ಲ."

ಯೊಹೇಗೆ ಚೆನ್ನಾಗಿ ನೆನಪಿತ್ತು. ಆ ಚಿತ್ರದಲ್ಲಿ ಅವನಿಗೆ ಪಾತ್ರವಿರಲಿಲ್ಲ. ದೀಪ ಹೊರುವ ಕೆಲಸ. ಚಿತ್ರೀಕರಣ ಹೊಶಿನಾ ಅವರ ಈಗಿನ ಮನೆಯಲ್ಲೇ. ಎಲ್ಲರೂ ಬಾಗಿಲಲ್ಲಿ ಬೂಟು ಬಿಟ್ಟು ಒಳಗೆ ಹೋದರೆ, ಬರುವಾಗ ಒಬ್ಬರದು ಒಬ್ಬರ ಕಾಲಿಗೆ. ನಾಯಕಿಯಾಗಿದ್ದ ನಮಿಯೆಯೇ ಅನ್ನ ಬೇಯಿಸುತ್ತಿದ್ದಳು, ಅವಳೇ ಬೂಟು ಕಾಯುತ್ತಿದ್ದಳು. ಒಂದೊಂದು ಜೊತೆಯನ್ನೂ ಬೀದಿ ಕಡೆ ತಿರುಗಿಸಿ, ಬಟ್ಟೆ ಒಣಹಾಕುವ ಮರದ ಕ್ಲಿಪ್ಪು ಸಿಕ್ಕಿಸಿ, ಕ್ಲಿಪ್ಪಿನ ಮೇಲೆ ಆಯಾ ಜನದ ಹೆಸರು ಬರೆದಿಡುತ್ತಿದ್ದಳು. ಯೊಹೇಯ ಹೆಸರನ್ನು ಮಾತ್ರ ಬರೆಯಲಿಲ್ಲ. 'ತೋಫು' ಎಂದು ಬರೆದಿದ್ದಳು. ಚಿತ್ರ ಮುಗಿಯುವವರೆಗೂ ಎಲ್ಲರೂ ಅವನನ್ನು ಹಾಗೇ ಕರೆದರು.

"ನನಗೆ ಒಂದೇ ಒಂದು ಗೊತ್ತಾಗ್ಬೇಕು," ಅಂದರು ಹೊಶಿನಾ. "ಲಾಂಚು ಹತ್ತೋ ಮುಂಚೆ ಅವಳು ತಿರುಗಿ ನೋಡಿದಳಾ, ಇಲ್ವಾ? ಒಂದೊಂದು ಸಲ ನೋಡಿದ ಹಾಗೆ ನೆನಪು. ಒಂದೊಂದು ಸಲ ಇಲ್ಲ ಅನ್ನೋ ಹಾಗೆ. ಓಡಿಸಿದಷ್ಟೂ ಸವೆಯತ್ತೆ ಅಂತ ಇರೋ ಒಂದು ಪ್ರತೀನ ಡಬ್ಬೀಲೇ ಇಟ್ಟು ಕೂತೆ. ಈಗ ನೋಡು." ಅವರು ನಕ್ಕರು. ದೂರಿನ ನಗುವಲ್ಲ. "ಸಿಕ್ಕಿದ್ರೆ ನೋಡ್ತೀನಿ. ಸಿಗ್ಲಿಲ್ಲ ಅಂದ್ರೆ ನೀವೆಲ್ಲ ಸೇರಿ ಪರದೆ ಮುಂದೆ ನಡೆದು ತೋರಿಸಿ. ನಿನ್ನನ್ನ ಮಾತ್ರ ನಮಿಯೆ ಮಾಡಲ್ಲ."

"ನನಗೇನು ಸೀದಾ ನಡಿಯೋಕೆ ಬರಲ್ವಾ?"

"ಬಕೆಟ್ ಹೊತ್ತ ನಾಯಕಿನ ಯಾರು ನೋಡ್ತಾರೋ!"

ಯೊಹೇ ನಗುತ್ತಲೇ ಹೊರಬಂದ. ಸೈಕಲ್ ಹತ್ತುವಾಗ ನಗು ನಿಂತಿತ್ತು.

ಊರಿನವರ ಬೆರಳೆಲ್ಲ ಕುರಾತಾನ ಕಡೆಗಿತ್ತು. ಹೊಶಿನಾ ಅವರ ಮೊದಲ ಸಹಾಯಕ, ಈಗ ರಾಜಧಾನಿಯಲ್ಲಿ ಹಳೆಯ ಚಿತ್ರಗಳನ್ನು ಸರಿಮಾಡುವ ಪ್ರಯೋಗಾಲಯದಲ್ಲಿ ಕೆಲಸ. ಗುರುವಾರ ಅವನನ್ನು ಲಾಂಚಿನ ಕಟ್ಟೆಯಲ್ಲಿ ಕಂಡವರಿದ್ದರು. ಕಂದು ಬೂಟು ಅವನ ಕಾಲಿಗೆ ಹೊಂದುತ್ತದೆ. ಆದರೆ ಬೂಟು ತಿರುಗಿಸಿದ ಕೈ ಅವನದಲ್ಲ.

ಹೊಶಿನಾ ಅವರ ಮನೆಯ ಬಾಗಿಲು ಸರಿಸಿ ಯೊಹೇ ಒಳಗಿಣುಕಿದ. ಬೂಟು ಬಿಡುವ ತಗ್ಗಿನಲ್ಲಿ ಚಿಸೆ ಅಮ್ಮನ ಮರದ ಚಪ್ಪಲಿ ಬಿಟ್ಟರೆ ಬೇರೆ ಏನೂ ಇರಲಿಲ್ಲ. ಬಿದಿರಿನ ಚಮಚ ಗೂಡಿನ ಹಿಂದೆ ಮೊಳೆಯಲ್ಲಿತ್ತು. ಬಾಗಿಲು ಮುಚ್ಚಿ, ತನ್ನ ರಬ್ಬರ್ ಬೂಟನ್ನು ಕಳಚಿದ ಹಾಗೆಯೇ ಒಳಮುಖವಾಗಿ ಬಿಟ್ಟು ಮೇಲೆ ಹತ್ತಿದ. ಈ ಮನೆಯಲ್ಲಿ ಅವನ ಬೂಟನ್ನು ಯಾರೂ ತಿರುಗಿಸುತ್ತಿರಲಿಲ್ಲ. ಅಷ್ಟು ಸಲುಗೆ.

"ತೋಫು ತಂದೆ ಅಮ್ಮಾ."

"ಬಾ ಬಾ, ಕುಂಬಳಕಾಯಿ ಬೇಯ್ತಾ ಇದೆ. ತಿಂದೇ ಹೋಗು."

ಚಿಸೆ ಅಮ್ಮ ಒಲೆಯ ಮುಂದಿದ್ದರು. ಎಪ್ಪತ್ತು ದಾಟಿದ ಮುಖದಲ್ಲಿ ಹಬೆಯ ಕೆಂಪು. ಯೊಹೇ ತೋಫುವನ್ನು ನೀರಿನ ಬೋಗುಣಿಗೆ ಜಾರಿಸಿ, ಚಾಪೆಯ ಮೇಲೆ ಕೂತ. ಒಲೆಯ ಮೇಲೆ ಕುಂಬಳಕಾಯಿ ಕೊತಕೊತ ಅನ್ನುತ್ತಿತ್ತು.

"ಗುರುವಾರ ಬಂದೋನಿಗೂ ಕುಂಬಳಕಾಯಿ ಕೊಟ್ರಾ?"

ಸೌಟು ನಿಂತಿತು.

"ಯಾರೂ ಬರಲಿಲ್ಲ ಅಂತ ಅವತ್ತೇ ಹೇಳಿದ್ನಲ್ಲ."

"ಹೇಳಿದ್ರಿ. ಆದ್ರೆ ಅವನ ಬೂಟು ತಿರುಗಿಸಿ ಇಟ್ರಿ. ಪಕ್ಕದಲ್ಲಿ ಬಿದಿರಿನ ಚಮಚ ಇಟ್ರಿ. ಮಾಸು ಅಜ್ಜಿ ನೋಡಿದಾಳೆ." ಯೊಹೇ ತಲೆ ತಗ್ಗಿಸಿಕೊಂಡೇ ಹೇಳಿದ. "ಕಳ್ಳನಿಗೂ ಇಷ್ಟು ಮರ್ಯಾದೆ ಮಾಡಿ ಕಳಿಸೋ ಮನೆ ಈ ಊರಲ್ಲಿ ಇದೊಂದೇ ಅಮ್ಮಾ."

ಚಿಸೆ ಅಮ್ಮ ಬೆನ್ನು ತಿರುಗಿಸಿಕೊಂಡೇ ನಿಂತಿದ್ದರು. ಭುಜ ಅಲುಗಿತು. ಅಳುತ್ತಿದ್ದಾರೆ ಅಂದುಕೊಂಡು ಯೊಹೇ ಎದ್ದ. ಅವರು ತಿರುಗಿದಾಗ ನೋಡಿದರೆ ನಗುತ್ತಿದ್ದರು. ಕಣ್ಣಲ್ಲಿ ನೀರು ಬರುವಷ್ಟು.

"ಅಯ್ಯೋ ಈ ಹಾಳು ಕೈಯೇ!" ಬಲಗೈಗೆ ಎಡಗೈಯಿಂದ ಒಂದೇಟು ಕೊಟ್ಟುಕೊಂಡರು. "ಎಲ್ಲಾ ಎಷ್ಟು ಗುಟ್ಟಾಗಿ ಮಾಡಿದ್ದೆ. ಇವ್ರು ಟಾಕೀಸಿಗೆ ಹೋಗೋ ಹೊತ್ತು ನೋಡಿದ್ದೆ, ಕುರಾತಾನಿಗೆ ಹಿಂದಿನ ಓಣೀಲಿ ಬಾ ಅಂದಿದ್ದೆ. ಈ ಕೈ ಹೋಗಿ ಬೂಟು ತಿರುಗಿಸ್ತಲ್ಲ! ಅಮ್ಮ ಕಲಿಸಿದ್ದು. ಸಾಯೋವರೆಗೂ ಹೋಗಲ್ಲ."

"ಕುರಾತಾನಾ?"

"ಮತ್ಯಾರು? ನಾನೇ ಕೊಟ್ಟೆ." ಅವರು ಎದುರಿಗೆ ಬಂದು ಕೂತರು. "ಚೆರ್ರಿ ಹೂ ಬಿಡೋ ಕಾಲದಲ್ಲಿ ಗೋಡೆ ಬೀರು ಗುಡಿಸ್ತಾ ಇದ್ದೆ. ಆ ಡಬ್ಬಿ ಹತ್ರ ಮಾತ್ರ ಹುಳಿ ವಾಸನೆ, ವಿನಿಗರ್ ಚೆಲ್ಲಿದ ಹಾಗೆ. ಕುರಾತಾನಿಗೆ ಫೋನಲ್ಲಿ ಹೇಳಿದೆ. ಅವನು ಗಾಬರಿಯಾದ. ಹಳೇ ರೀಲು ಕೊಳೆಯೋಕೆ ಶುರುವಾದ್ರೆ ಹಾಗೇ ನಾರತ್ತಂತೆ. ಬೇಗ ಪ್ರತಿ ತೆಗೀದಿದ್ರೆ ಚಿತ್ರವೇ ಕರಗಿ ಹೋಗತ್ತೆ ಅಂದ. ಆದ್ರೆ ಅವನ ಪ್ರಯೋಗಾಲಯದಲ್ಲಿ ಸರದಿ ಸಿಕ್ಕಿದ್ದೇ ಈ ವಾರ."

"ಡೈರೆಕ್ಟ್ರಿಗೆ ಹೇಳ್ಬಹುದಿತ್ತಲ್ಲ."

"ಹೇಳಿದ್ರೆ ಕೊಡ್ತಿದ್ರಾ? ನಿನಗೆ ಗೊತ್ತಿಲ್ವಾ? ಒಂದು ಸಲ ಮೂಲ ಫಿಲ್ಮನ್ನ ಹೊರಗೆ ಕಳಿಸಿದ್ರು. ಅದಿದ್ದ ಗೋದಾಮಿಗೆ ಬೆಂಕಿ ಬಿತ್ತು. ಅವತ್ತಿಂದ ಒಂದು ಅಂಗುಲ ಫಿಲ್ಮೂ ಸಮುದ್ರ ದಾಟಬಾರದು ಅಂತ ಹಠ." ಚಿಸೆ ಅಮ್ಮ ಸೆರಗಿನಂತೆ ಕುತ್ತಿಗೆಗೆ ಸುತ್ತಿದ್ದ ಟವೆಲಿನಲ್ಲಿ ಕಣ್ಣೊರೆಸಿಕೊಂಡರು. "ನಾಳೆ ಬೆಳಗಿನ ಮೊದಲ ಲಾಂಚಿಗೆ ಕುರಾತಾ ತಂದು ಕೊಡ್ತಾನೆ. ಇವ್ರು ಅದುವರೆಗೂ ಬೀರು ತೆಗಿಯಲ್ಲ ಅಂದ್ಕೊಂಡೆ. ಇವ್ರೋ, ಅವತ್ತೇ ಸಂಜೆ ಡಬ್ಬಿ ತಡವೋಕೆ ಹೋದ್ರು. ಕಣ್ಣು ಕಾಣದೋರು ಕೈಯಲ್ಲಿ ನೋಡ್ತಾರಲ್ಲ. ಆಮೇಲೆ ಇಡೀ ಊರಿಗೆ ಕಳ್ಳತನ ಅಂತ ಗೊತ್ತಾಗಿ, ನಾನು ಬಾಯಿ ಬಿಡೋದು ಹೇಗೆ?"

ಯೊಹೇಗೆ ಎರಡು ದಿನದ ಭಾರ ಒಮ್ಮೆಗೇ ಇಳಿಯಿತು. ಹಾಗಾದರೆ ಕಳ್ಳನೂ ಇಲ್ಲ, ಕಳವೂ ಇಲ್ಲ. ನಾಳೆ ಹೊಶಿನಾ ಮೊದಲ ಸಾಲಿನಲ್ಲಿ ಕೂರುತ್ತಾರೆ, ನಮಿಯೆ ಉಪ್ಪುಗದ್ದೆ ದಾಟುತ್ತಾಳೆ, ತಿರುಗಿದಳೋ ಇಲ್ಲವೋ ಗೊತ್ತಾಗುತ್ತದೆ.

"ಮೊದಲು ಒಂದು ಬಟ್ಟಲು ಕುಂಬಳಕಾಯಿ ಹಾಕಿ ಅಮ್ಮಾ," ಅಂದ. "ಕೇಸು ಮುಗೀತು."

"ನಿನ್ನ ಸಿನಿಮಾದಲ್ಲೆಲ್ಲ ಆಡು ತಾನಾಗೇ ಮನೆಗೆ ಬರ್ತಿತ್ತು. ಈ ಸಲ ನೀನೇ ಹಿಡಿದೆ. ಭೇಷ್." ಚಿಸೆ ಅಮ್ಮ ಬಟ್ಟಲು ತುಂಬಿಕೊಟ್ಟರು. ಕಿಟಕಿಯ ಗಾಜಿನ ಹಕ್ಕಿಯ ಮೇಲೆ ಮಧ್ಯಾಹ್ನದ ಬಿಸಿಲು ಬಿದ್ದು, ಬೆಳ್ಳುಳ್ಳಿಯ ನೆರಳು ಚಾಪೆಯ ಮೇಲೆ ಆಡುತ್ತಿತ್ತು. ಕುಂಬಳಕಾಯಿ ಬಾಯಲ್ಲಿಟ್ಟರೆ ಕರಗುವ ಹಾಗಿತ್ತು. ಎಷ್ಟೋ ಚಿತ್ರಗಳ ಮಧ್ಯಾಹ್ನ ಈ ಚಾಪೆಯ ಮೇಲೆ ಹೀಗೇ ಉಂಡಿದ್ದ. ಬೇರೆ ಇನ್ನೇನು ಬೇಕು ಅನ್ನಿಸಿತು.

ಫೋನು ಹೊಡೆದುಕೊಂಡಿತು.

ಚಿಸೆ ಅಮ್ಮ ಎದ್ದು ಅಡುಗೆಮನೆಯ ಗೋಡೆಯ ಫೋನು ತೆಗೆದರು. ಆ ಕಡೆಯ ದನಿ ಯೊಹೇ ಕೂತಲ್ಲಿಗೂ ಕೇಳಿಸುವಷ್ಟು ಜೋರಾಗಿತ್ತು. ಕುರಾತಾನದೇ.

"ಅಮ್ಮಾ, ನೀವು ಕೊಟ್ಟಿದ್ದು ಯಾವ ಡಬ್ಬಿ?"

"ಯಾವ್ದು ಅಂದ್ರೆ? ಕೊನೇದು. ಇವ್ರ ಕೈಬರಹ ಇತ್ತಲ್ಲ ಮೇಲೆ."

"ಡಬ್ಬಿ ಅದೇ. ಒಳಗಿರೋದು ಅದಲ್ಲ. ಇವತ್ತು ನಮ್ಮ ಸರದಿ ಬಂತು, ಡಬ್ಬಿಯ ಅಂಟುಪಟ್ಟಿ ಬಿಚ್ಚಿ ತೆಗೆದು ನೋಡ್ತೀನಿ, ಬರೀ ಖಾಲಿ ಫಿಲ್ಮು. ಹೊಚ್ಚ ಹೊಸದು. ಕ್ಯಾಮೆರಾ ಕಂಡೇ ಇಲ್ಲ. ಕೊಳೆತಿಲ್ಲ, ನಾರ್ತಾನೂ ಇಲ್ಲ."

ಚಿಸೆ ಅಮ್ಮ ಫೋನನ್ನು ಎದೆಗೆ ಒತ್ತಿಕೊಂಡು ಯೊಹೇಯ ಕಡೆ ನೋಡಿದರು. ಮುಖದ ಹಬೆಯ ಕೆಂಪು ಇಳಿದಿತ್ತು.

"ಕೊಡೋವಾಗ ಮೂಸಿ ನೋಡಿದ್ರಾ ಅಮ್ಮಾ?"

"ಇಲ್ವೋ. ಅವತ್ತು ನೆಗಡಿ. ಮೂಗು ಕಟ್ಟಿತ್ತು."

ಹಾಗಾದರೆ ಹೂವಿನ ಕಾಲದಲ್ಲಿ ನಾರುತ್ತಿದ್ದ ರೀಲು ಗುರುವಾರದೊಳಗೆ ಆ ಡಬ್ಬಿಯಿಂದ ಹೋಗಿತ್ತು. ಯಾರೋ ಅದನ್ನು ಜೋಪಾನವಾಗಿ ತೆಗೆದು, ತೂಕ ತಪ್ಪದ ಹಾಗೆ ಹೊಸ ಫಿಲ್ಮು ತುಂಬಿ, ಪಟ್ಟಿ ಅಂಟಿಸಿ, ಮತ್ತೆ ಅಲ್ಲೇ ಇಟ್ಟಿದ್ದರು.

"ಹೂವಿನ ಕಾಲದಿಂದ ಈಚೆಗೆ ಮನೆಗೆ ಯಾರಾದ್ರೂ ಬಂದಿದ್ರಾ?"

"ಬಾಗಿಲು ಯಾವಾಗ ಹಾಕಿದೀವಿ ಯೊಹೇ, ಈ ಮನೇದು?" ಚಿಸೆ ಅಮ್ಮನ ದನಿ ಸಣ್ಣಗಾಯಿತು. "ಇವ್ರಿಗೆ ನಾನು ಏನು ಹೇಳ್ಲಿ ಈಗ? ನಾಳೆ ಸಿಗತ್ತೆ ಅಂತ ನಾನು ಧೈರ್ಯವಾಗಿದ್ದೆ."

"ಇನ್ನೂ ಏನೂ ಹೇಳ್ಬೇಡಿ. ನಾನು ಟಾಕೀಸಿಗೆ ಹೋಗಿ ಬರ್ತೀನಿ."

ಯೊಹೇ ಬಟ್ಟಲು ಕೆಳಗಿಟ್ಟು ನಡುಮನೆ ದಾಟಿ ಬಾಗಿಲಿಗೆ ಬಂದ. ಬಂದವನು ಹಾಗೇ ನಿಂತ.

ತಾನು ಮುಚ್ಚಿದ್ದ ಬಾಗಿಲು ಒಂದು ಗೇಣು ಸರಿದಿತ್ತು. ಆ ಸಂದಿಯಿಂದ ಬಿಸಿಲಿನ ಪಟ್ಟಿಯೊಂದು ಒಳಗೆ ಬಿದ್ದು ಅವನ ರಬ್ಬರ್ ಬೂಟುಗಳ ಮೇಲೆ ಹಾದುಹೋಗಿತ್ತು.

ಬೂಟುಗಳೆರಡೂ ಬೀದಿ ಕಡೆ ಮುಖ ಮಾಡಿದ್ದವು.

ಚಿಸೆ ಅಮ್ಮ ಅಡುಗೆಮನೆಯಿಂದ ಕದಲಿರಲಿಲ್ಲ. ಹೊಶಿನಾ ಟಾಕೀಸಿನಲ್ಲಿದ್ದರು. ಯೊಹೇ ಮಂಡಿಯೂರಿ ಬಗ್ಗಿದ. ಬೂಟುಗಳ ಕುತ್ತಿಗೆ ಎರಡನ್ನೂ ಸೇರಿಸಿ ಒಂದು ಕ್ಲಿಪ್ಪು ಸಿಕ್ಕಿಸಿತ್ತು. ಮರದ್ದು. ಹಳತಾಗಿ ಕಂದಿ, ಅಂಚು ಸವೆದು ನುಣುಪಾದದ್ದು. ಅದನ್ನು ಬಿಡಿಸಿ ಬಿಸಿಲಿಗೆ ಹಿಡಿದ.

ಮಾಸಿದ ಶಾಯಿಯಲ್ಲಿ, ನಮಿಯೆಯ ದುಂಡಗಿನ ಕೈಬರಹದಲ್ಲಿ, 'ತೋಫು' ಎಂದು ಬರೆದಿತ್ತು.

"ಏನಾಯ್ತೋ ಯೊಹೇ?" ಒಳಗಿನಿಂದ ಚಿಸೆ ಅಮ್ಮ ಕೂಗಿದರು.

ಅವನು ಕ್ಲಿಪ್ಪನ್ನು ನಿಧಾನವಾಗಿ ಮೂಗಿನ ಹತ್ತಿರ ತಂದ. ಕೆಟ್ಟ ತೋಫುವನ್ನು ಎಷ್ಟೋ ಸಲ ಹಿಡಿದುಕೊಟ್ಟ ಮೂಗು ಅದು.

ಹುಳಿ. ವಿನಿಗರ್ ಚೆಲ್ಲಿದ ಹಾಗೆ.